ರೈಲು ಇರದಿದ್ದರೆ

ಪೋತ್ತನೂರಿನಲ್ಲಿ ವಾಸಿಸುವವರಿಗೆ ಗಡಿಯಾರದ ಅಗತ್ಯ ಅಷ್ಟಾಗಿ ಇಲ್ಲ. ಗಾಡಿಯ ಕೂಗು ಕೇಳಿ ಅಕ್ಕಿ ತೊಳೆಯುವ ಗೃಹಿಣಿಯರೂ, ಗಾಡಿ ಹೊರಟ ಮೇಲೆ ಪುಸ್ತಕ ಮುಚ್ಚುವ ಮಕ್ಕಳೂ ನಮ್ಮ ನಡುವೆ ಉಂಟು. ಇಂಥ ಊರಿನಲ್ಲಿ ಕುಳಿತು, “ರೈಲು ಇರದಿದ್ದರೆ ಏನಾಗುತ್ತಿತ್ತು?” ಎಂದು ಕೇಳುವ ಪುಸ್ತಕವನ್ನು ಓದತೊಡಗಿದಾಗ ನಮಗೆ ನಗು ಬಂದಿತು. ಮೀನಿನ ಮುಂದೆ ನೀರಿಲ್ಲದ ಲೋಕವನ್ನು ವರ್ಣಿಸಿದಂತಲ್ಲವೆ ಇದು!

ಪುಸ್ತಕದ ಕರ್ತೃ ಅಮೆರಿಕದ ಆರ್ಥಿಕ ಇತಿಹಾಸಕಾರ ರಾಬರ್ಟ್ ಫೋಗೆಲ್. ಅಮೆರಿಕದ ಏಳಿಗೆಯಲ್ಲಿ ರೈಲಿನ ಪಾತ್ರವನ್ನು ಕುರಿತ ಈ ಗ್ರಂಥ 1964ರಲ್ಲಿ ಪ್ರಕಟವಾಯಿತು; 1993ರಲ್ಲಿ ಡಗ್ಲಸ್ ನಾರ್ತ್ ಅವರೊಡನೆ ಅವರಿಗೆ ನೊಬೆಲ್ ಪಾರಿತೋಷಕ ದೊರೆಯಿತು. ರೈಲೇ ಅಮೆರಿಕವನ್ನು ಕಟ್ಟಿತೆಂದು ಎಲ್ಲರೂ ಹೇಳುತ್ತಿದ್ದ ಕಾಲದಲ್ಲಿ ಅವರು ಆ ಮಾತನ್ನು ಲೆಕ್ಕದ ಒರೆಗಲ್ಲಿಗೆ ಹಚ್ಚಿದರು. 1890ರಲ್ಲಿ ರೈಲು ಇರದೆ, ಧಾನ್ಯವೆಲ್ಲ ನದಿ, ಕಾಲುವೆ, ಬಂಡಿಗಳ ಮೂಲಕ ಸಾಗಬೇಕಾಗಿದ್ದರೆ ಹೆಚ್ಚಿಗೆ ಬೀಳುತ್ತಿದ್ದ ವೆಚ್ಚವೆಷ್ಟು? ಕೃಷಿ ಸರಕಿನ ಮಟ್ಟಿಗೆ ಅವರು ಕಂಡುಕೊಂಡ ಉತ್ತರ, ರಾಷ್ಟ್ರದ ಉತ್ಪನ್ನದಲ್ಲಿ ನೂರಕ್ಕೆ ಮೂರನ್ನೂ ಮುಟ್ಟದ ಮೊತ್ತ. ಎಲ್ಲರೂ ಒಪ್ಪಿದರೆಂದಲ್ಲ. 2016ರಲ್ಲಿ ಡೊನಾಲ್ಡ್‌ಸನ್ ಮತ್ತು ಹಾರ್ನ್‌ಬೆಕ್ ಎಂಬ ವಿದ್ವಾಂಸರು, ರೈಲುಗಳನ್ನು ತೆಗೆದುಬಿಟ್ಟಿದ್ದರೆ ಅಲ್ಲಿನ ಸಾಗುವಳಿ ಭೂಮಿಯ ಬೆಲೆ ನೂರಕ್ಕೆ ಅರವತ್ತರಷ್ಟು ಕುಸಿಯುತ್ತಿತ್ತೆಂದು ತೋರಿಸಿದರು.

ಅದೇ ಪ್ರಶ್ನೆಯನ್ನು ನಮ್ಮ ನೊಯ್ಯಲ್ ಹೊಳೆಯ ದಡದಲ್ಲಿ ನಿಂತು ಕೇಳಿದರೆ? ಈ ಹೊಳೆಯಲ್ಲಿ ಸರಕಿನ ದೋಣಿ ನಡೆಯದು. ರೈಲಿಗೆ ಬದಲಾಗಿ ಇಲ್ಲಿದ್ದುದು ಎತ್ತು ಮಾತ್ರ. ಅದೇ ಡೊನಾಲ್ಡ್‌ಸನ್ ಅವರು ಹೇಳುವಂತೆ, ಹಿಂದೆ ಹೇರು ಹೊತ್ತ ಎತ್ತು ದಿನಕ್ಕೆ 30 ಕಿಲೋಮೀಟರನ್ನು ಮೀರುತ್ತಿರಲಿಲ್ಲ. ರೈಲು 600 ಕಿಲೋಮೀಟರು ಸಾಗಿಸಬಲ್ಲುದಾಗಿತ್ತು. ರೈಲು ಮುಟ್ಟಿದ ಜಿಲ್ಲೆಯಲ್ಲಿ ಕೃಷಿಯ ನಿಜವರಮಾನ ಸುಮಾರು ನೂರಕ್ಕೆ ಹದಿನಾರರಷ್ಟು ಏರಿತೆಂದು ಅವರ ಗಣನೆ. 1862ರಲ್ಲಿ ಮದರಾಸಿನಿಂದ ಪಡುವಣ ಕಡಲಿಗೆ ಸಾಗಿದ ಹಳಿ ಪೋತ್ತನೂರನ್ನು ಹಾದುಹೋಯಿತು. ಕೊಯಮತ್ತೂರು ಪಟ್ಟಣಕ್ಕೆ ಹಳಿ ಬಂದುದು 1873ರಲ್ಲಿ, ನಮ್ಮೂರಿನಿಂದ ಮೇಟ್ಟುಪಾಳಯಕ್ಕೆ ಕವಲೊಡೆದಾಗ. ಹನ್ನೊಂದು ವರ್ಷ ದೊಡ್ಡ ಊರು ಚಿಕ್ಕ ಊರಿನ ಬಾಗಿಲಲ್ಲಿ ಕಾದು ನಿಂತಿತ್ತೆಂದು ನಾವು ಹೆಮ್ಮೆ ಪಟ್ಟರೆ ಓದುಗರು ಮನ್ನಿಸಬೇಕು.

ಫೋಗೆಲ್ಲರು 1960ರಲ್ಲಿ ಬರೆದ ಇನ್ನೊಂದು ಪುಸ್ತಕ ಯೂನಿಯನ್ ಪೆಸಿಫಿಕ್ ರೈಲನ್ನು ಕುರಿತದ್ದು. ಆ ರೈಲಿನಿಂದ ಬಂಡವಾಳಕ್ಕೆ ದಕ್ಕಿದ್ದಕ್ಕಿಂತ ಸಮಾಜಕ್ಕೆ ದಕ್ಕಿದ ಲಾಭ ಇಮ್ಮಡಿಗೂ ಹೆಚ್ಚೆಂದು ಅವರು ಅದರಲ್ಲಿ ಲೆಕ್ಕ ಹಾಕಿದರು. ಆದುದರಿಂದ ಹಳಿಯನ್ನು ಅದರ ಟಿಕೆಟ್ಟಿನ ಹಣದಿಂದ ಮಾತ್ರ ಅಳೆಯಲಾಗದು. ನಮ್ಮಲ್ಲಿ ಮದರಾಸು ರೈಲ್ವೆ ಕಂಪೆನಿಗೆ ನೂರಕ್ಕೆ ಐದರ ಬಡ್ಡಿಯ ಭರವಸೆ ಇತ್ತು. ಗಳಿಕೆ ಸಾಲದಾದಾಗ ಅದನ್ನು ತುಂಬಿಕೊಟ್ಟುದು ಈ ನಾಡಿನ ಕಂದಾಯ. ಆದರೂ 1876–78ರ ಮಹಾಕ್ಷಾಮದಲ್ಲಿ ಹಳಿ ಮುಟ್ಟಿದ್ದ ಬೆಂಗಳೂರಿಗೆ ಬಂದ ಧಾನ್ಯ ಅಲ್ಲಿಂದ ಮುಂದಿನ ಹಳ್ಳಿಗಳನ್ನು ತಲಪುವುದು ದುಸ್ತರವಾಯಿತು. ಬಂಡಿ ಎಳೆಯಬೇಕಾದ ಎತ್ತುಗಳೇ ಮೇವಿಲ್ಲದೆ ಸಾಯುತ್ತಿದ್ದುವು. 1871ರಲ್ಲಿ 50 ಲಕ್ಷಕ್ಕೆ ಮೀರಿದ್ದ ಮೈಸೂರು ಸಂಸ್ಥಾನದ ಜನಸಂಖ್ಯೆ 1881ರಲ್ಲಿ 42 ಲಕ್ಷಕ್ಕೆ ಇಳಿದಿತ್ತು. ಆ ಪಾಠದಿಂದಲೇ ಬೆಂಗಳೂರು–ಮೈಸೂರು ಹಳಿಯ ಕೆಲಸ ನಡೆದು 1882ರಲ್ಲಿ ಮುಗಿಯಿತು.

ಇಷ್ಟನ್ನೆಲ್ಲ ಓದಿದ ಉತ್ಸಾಹದಲ್ಲಿ ನಮ್ಮ ಸಂಘದ ಭಾನುವಾರದ ಕನ್ನಡ ತರಗತಿಯಲ್ಲಿ ಮಕ್ಕಳಿಗೆ ಅದೇ ವಿಷಯವನ್ನು ಪ್ರಬಂಧಕ್ಕೆ ಕೊಟ್ಟೆವು: “ರೈಲು ಇರದಿದ್ದರೆ”. ಹತ್ತಿ, ನೂಲು, ಧಾನ್ಯ, ಕಲ್ಲಿದ್ದಲು ಎಂದು ಬಹುಮಂದಿ ಬರೆದರು, ನಮಗೆ ತೃಪ್ತಿಯಾಯಿತು. ಒಬ್ಬ ಹುಡುಗಿ ಮಾತ್ರ ನಾಲ್ಕೇ ಸಾಲು ಬರೆದಿದ್ದಳು. “ರೈಲು ಇರದಿದ್ದರೆ ಅಪ್ಪನಿಗೆ ಇಲ್ಲಿ ಕೆಲಸ ಇರುತ್ತಿರಲಿಲ್ಲ. ನಾವು ಚಾಮರಾಜನಗರದ ಹತ್ತಿರ ಅಜ್ಜಿಯ ಮನೆಯಲ್ಲೇ ಇರುತ್ತಿದ್ದೆವು. ಆಗ ನಾನು ಕನ್ನಡ ಕಲಿಯಲು ಭಾನುವಾರ ಇಲ್ಲಿಗೆ ಬರಬೇಕಾಗಿರಲಿಲ್ಲ. ನಮ್ಮನ್ನು ಇಲ್ಲಿ ಇರಿಸಿದ ರೈಲು ಅಜ್ಜಿಯ ಮನೆಗೆ ಮಾತ್ರ ನೇರವಾಗಿ ಹೋಗುವುದಿಲ್ಲ.”

ವಿಷಯಾಂತರವೆಂದು ಬಗೆದು ನಾವು ಕೆಂಪು ಮಸಿಯಲ್ಲಿ ಗೀಟು ಎಳೆದೆವು. ಮನೆಗೆ ಮರಳುವಾಗ ದಾಟುಸೇತುವೆಯ ಮೇಲೆ ನಿಂತು ಹಳಿಗಳನ್ನು ನೋಡಿದಾಗ ನಮ್ಮ ತಪ್ಪು ನಮಗೆ ತಿಳಿಯಿತು. ರೈಲು ಇರದ ಲೋಕವನ್ನು ಕಾಣಲು ಫೋಗೆಲ್ಲರು ಕಲ್ಪನೆಯನ್ನು ಆಶ್ರಯಿಸಿದರು. ನಮಗೆ ಆ ಶ್ರಮವಿಲ್ಲ. ಮೈಸೂರಿನಿಂದ ಬಂದ ಹಳಿ ಚಾಮರಾಜನಗರದಲ್ಲಿ ನಿಂತುಬಿಟ್ಟಿದೆ. ಅದನ್ನು ಸತ್ಯಮಂಗಲದ ಮೂಲಕ ಇತ್ತ ಕಡೆಗೆ ಕೂಡಿಸುವ ಮಾತು ಬಹುಕಾಲದಿಂದ ಇದೆ. ಹಳಿ ಮಾತ್ರ ಇಲ್ಲ. ನಡುವೆ ಇರುವುದು ಆನೆಯೂ ಹುಲಿಯೂ ಬಾಳುವ ಕಾಡು, ದಿಂಬದ ಘಟ್ಟದ ಇಪ್ಪತ್ತೇಳು ತಿರುವುಗಳು. ವನ್ಯಮೃಗಗಳ ಹಿತಕ್ಕಾಗಿ 2022ರಿಂದ ಅಲ್ಲಿ ರಾತ್ರಿಯ ಸಂಚಾರಕ್ಕೂ ನಿರ್ಬಂಧ ಬಂದಿದೆ. ಕಾಡಿನ ಬೆಲೆ ನೂರಕ್ಕೆ ಎಷ್ಟು? ಮೊಮ್ಮಗಳ ಬಾಯಲ್ಲಿ ಅಜ್ಜಿಯ ನುಡಿ ಉಳಿಯುವುದರ ಬೆಲೆ ಎಷ್ಟು? ಇವು ಯಾವ ಲೆಕ್ಕದ ಪುಸ್ತಕದಲ್ಲಿ ಸೇರಬೇಕು?

ಫೋಗೆಲ್ಲರ ವಿಧಾನವನ್ನು ನಾವು ಹಳಿಯುತ್ತಿಲ್ಲ. ಒಂದು ವಸ್ತುವಿನ ಬೆಲೆ ತಿಳಿಯಬೇಕಾದರೆ ಅದಿಲ್ಲದ ಲೋಕವನ್ನು ಪ್ರಾಮಾಣಿಕವಾಗಿ ಊಹಿಸಬೇಕೆಂದು ಕಲಿಸಿದವರು ಅವರೇ. ನಮ್ಮ ವಿದ್ಯಾರ್ಥಿನಿ ಮಾಡಿದುದೂ ಅದನ್ನೇ. ಅವಳು ತೂಗಿದ ಸರಕು ಬೇರೆ, ಅಷ್ಟೆ.

ಮುಂದಿನ ಭಾನುವಾರ ಆ ಪ್ರಬಂಧವನ್ನು ತರಗತಿಗೆಲ್ಲ ಓದಿ ಹೇಳಿ, ಕೆಂಪು ಗೀಟನ್ನು ಅವಳೆದುರಿಗೇ ಹೊಡೆದುಹಾಕಿದೆವು. ಆಕೆ ಒಂದೇ ಪ್ರಶ್ನೆ ಕೇಳಿದಳು: “ಹಾಗಾದರೆ ಎಷ್ಟು ಅಂಕ, ಸಾರ್?” ಉತ್ಪಾದಕತೆಯ ಪ್ರಶ್ನೆ ಮಕ್ಕಳನ್ನೂ ಬಿಡದು! ನಾವು ಹತ್ತಕ್ಕೆ ಒಂಬತ್ತು ಕೊಟ್ಟೆವು. ಉಳಿದ ಒಂದನ್ನು, ರಜೆಯಲ್ಲಿ ಘಟ್ಟ ಹತ್ತಿ ಹೋಗಿ ಅಜ್ಜಿಗೆ ಆ ಪ್ರಬಂಧವನ್ನು ಓದಿ ಹೇಳಿ ಬಂದ ಮೇಲೆ ಕೊಡುವುದಾಗಿ ಒಪ್ಪಂದವಾಗಿದೆ.