ಜಾಗ ಸಾಲದು

ಮನೆ ಚಿಕ್ಕದೆಂದು ದೂರುವವರನ್ನು ನೋಡಿದ್ದೇನೆ. ಬಸ್ಸಿನ ಸೀಟು ಚಿಕ್ಕದೆಂದು ಪಕ್ಕದವರ ಮೇಲೆ ಕಣ್ಣು ಕೆಂಪಗೆ ಮಾಡುವವರನ್ನೂ ನೋಡಿದ್ದೇನೆ. ಆದರೆ ಅಂಗೈಯಗಲದ ವಸ್ತುವೊಂದು ತಾನೇ ಬಾಯಿ ಬಿಟ್ಟು ‘ಜಾಗ ಸಾಲದು’ ಎಂದು ಯಜಮಾನನಿಗೆ ನೋಟೀಸು ಕೊಡುವ ಕಾಲ ಬಂದೀತೆಂದು ನಾನು ಎಣಿಸಿರಲಿಲ್ಲ. ಹಳೆಯ ಫೋನು ಇಟ್ಟುಕೊಂಡವರಿಗೆಲ್ಲ ಈ ನೋಟೀಸು ಬಂದೇ ಬರುತ್ತದೆ. ಬೆಳಗಿನ ಕಾಫಿಗೆ ಮುಂಚೆ ಒಮ್ಮೆ, ರಾತ್ರಿ ಮಲಗುವ ಮುನ್ನ ಒಮ್ಮೆ. ಸಂಧ್ಯಾವಂದನೆಯನ್ನು ಇಷ್ಟು ನಿಯಮದಿಂದ ಮಾಡಿದವರನ್ನು ನಾನು ಕಂಡಿಲ್ಲ.

ನನ್ನ ಫೋನು 2017ರದು. ಕೊಂಡಾಗ ಪೆಟ್ಟಿಗೆಯ ಮೇಲೆ 16 ಜಿಬಿ ಎಂದು ದಪ್ಪಕ್ಷರದಲ್ಲಿ ಅಚ್ಚಾಗಿತ್ತು. ತೆರೆದು ನೋಡಿದರೆ ಒಳಗೆ ಹದಿನೈದೂ ತುಂಬುತ್ತಿರಲಿಲ್ಲ. ಅಂಗಡಿಯವನು ಮೋಸ ಮಾಡಿದನೆಂದುಕೊಂಡು ಹೊರಡಲಿದ್ದವನನ್ನು ಮೇಲಿನ ಮನೆಯ ಹುಡುಗ ತಡೆದ. ಅವನು ಕಂಪ್ಯೂಟರ್ ಕೆಲಸದವನು. ಮಾರುವವರು ಸಾವಿರದ ಲೆಕ್ಕದಲ್ಲಿ ಎಣಿಸುತ್ತಾರಂತೆ, ಆಗಿನ ಹಲವು ಫೋನುಗಳು 1024ರ ಲೆಕ್ಕದಲ್ಲಿ ಎಣಿಸುತ್ತಿದ್ದವಂತೆ. ಹೀಗೆ ಹೊರಗಿನ ಹದಿನಾರು ಒಳಗೆ 14.9 ಆಗುತ್ತದೆ. ಇಬ್ಬರೂ ಪ್ರಾಮಾಣಿಕರೇ. ಅಂಗಡಿಯ ಸೇರು ಬೇರೆ, ಮನೆಯ ಸೇರು ಬೇರೆ ಎಂಬುದನ್ನು ಕಂಡವರಿಗೆ ಇದರಲ್ಲಿ ಆಶ್ಚರ್ಯವಿಲ್ಲ. ಉಳಿದದ್ದರಲ್ಲಿ ಫೋನನ್ನು ನಡೆಸುವ ವ್ಯವಸ್ಥೆಯೇ ತನ್ನ ಪಾಲನ್ನು ಮೊದಲು ತೆಗೆದಿಟ್ಟುಕೊಂಡಿತ್ತು. ಆಮೇಲಿನದು ನಮ್ಮ ಪಾಲಿನ ಪ್ರಸಾದ.

ತುಂಬಿದ ಫೋನು ಮುನಿಸಿಕೊಂಡ ಎತ್ತಿನಂತೆ ಮಲಗಿಬಿಡುತ್ತದೆ. ಏಕೆಂದು ಆ ಹುಡುಗನನ್ನೇ ಕೇಳಿದೆ. ಅವನು ಹೇಳಿದ ವಿಷಯ ನನಗೆ ಬಹಳ ಹಿಡಿಸಿತು. ಫೋನಿನೊಳಗಿನ ಉಗ್ರಾಣಕ್ಕೆ ಫ್ಲ್ಯಾಶ್ ಮೆಮೊರಿ ಎಂದು ಹೆಸರು. 1980ರ ದಶಕದಲ್ಲಿ ಜಪಾನಿನ ತೋಷಿಬಾ ಕಂಪನಿಯಲ್ಲಿದ್ದ ಫುಜಿಯೊ ಮಸುವೊಕ ಎಂಬವರು ಕಂಡುಹಿಡಿದದ್ದು. ಅದರಲ್ಲಿ ಇದ್ದದ್ದೆಲ್ಲ ಒಂದೇ ಏಟಿಗೆ ಅಳಿಸಿಹೋಗುವುದನ್ನು ನೋಡಿ ಅವರ ಸಹೋದ್ಯೋಗಿಯೊಬ್ಬರಿಗೆ ಕ್ಯಾಮೆರಾದ ಮಿಂಚು ನೆನಪಾಯಿತಂತೆ. ಅದರಿಂದಲೇ ಈ ಹೆಸರು. ನೋಡಿ, ನೆನಪಿಟ್ಟುಕೊಳ್ಳುವ ವಸ್ತುವಿಗೆ ಮರೆಯುವ ಗುಣದಿಂದ ನಾಮಕರಣ! ಇದರ ಇನ್ನೊಂದು ಸ್ವಭಾವವೆಂದರೆ, ಸ್ಲೇಟಿನ ಮೇಲೆ ಒಂದಕ್ಷರವನ್ನು ಬೆರಳಿನಿಂದ ಒರೆಸಿ ತಿದ್ದಿದಂತೆ ಇಲ್ಲಿ ತಿದ್ದಲಾಗುವುದಿಲ್ಲ. ಬರೆಯುವುದು ಪುಟಪುಟವಾಗಿ, ಅಳಿಸುವುದು ಮಾತ್ರ ನೂರಾರು ಪುಟಗಳ ಇಡೀ ಕಟ್ಟನ್ನೇ. ಕಟ್ಟಿನಲ್ಲಿ ಬೇಕಾದ ಪುಟಗಳಿದ್ದರೆ ಅವನ್ನು ಮೊದಲು ಬೇರೆ ಕಡೆಗೆ ಸಾಗಿಸಬೇಕು. ಸಾಗಿಸಲು ತೆರಪು ಜಾಗವಿರಬೇಕು. ತೆರಪಿಲ್ಲದ ಮನೆಯಲ್ಲಿ ಸುಣ್ಣ ಬಳಿಸಿದವರಿಗೆ ಈ ಕಷ್ಟ ಗೊತ್ತು: ಅಕ್ಕಿಮೂಟೆಯನ್ನು ನಡುಮನೆಗೆ, ನಡುಮನೆಯ ಮಂಚವನ್ನು ಜಗಲಿಗೆ, ಜಗಲಿಯಲ್ಲಿದ್ದ ತಾತನನ್ನು ಎದುರುಮನೆಗೆ!

ಇದನ್ನೆಲ್ಲ ತಿಳಿದುಕೊಂಡು ಸುಮ್ಮನಿರಬಹುದಾಗಿತ್ತು. ಆದರೆ 2024ರ ನವೆಂಬರ್ ಬಂತು. ನವೆಂಬರ್ ಎಂದರೆ ಎಲ್ಲರಿಗೂ ರಾಜ್ಯೋತ್ಸವ. ನನ್ನಂಥ ಪಿಂಚಣಿದಾರನಿಗೆ ಅದು ತಾನು ಬದುಕಿದ್ದೇನೆಂದು ಸರ್ಕಾರಕ್ಕೆ ತಿಳಿಸಬೇಕಾದ ತಿಂಗಳು. ಮೊದಲು ಬ್ಯಾಂಕಿಗೆ ಹೋಗಿ ಸಹಿ ಹಾಕಿ ಬರುತ್ತಿದ್ದೆ. ಆ ದಾರಿ ಈಗಲೂ ಇದೆ, ನನ್ನ ಮಂಡಿ ಮಾತ್ರ ಅದಕ್ಕೆ ಒಪ್ಪುವುದಿಲ್ಲ. 2014ರಲ್ಲಿ ‘ಜೀವನ್ ಪ್ರಮಾಣ್’ ಎಂಬ ವ್ಯವಸ್ಥೆ ಬಂದು ಬೆರಳಚ್ಚಿನಿಂದ ಕೆಲಸವಾಗತೊಡಗಿತು. 2021ರಿಂದ ಮುಖವನ್ನೇ ಫೋನಿಗೆ ತೋರಿಸಿದರೆ ಸಾಕೆಂದಾಯಿತು. ಮುಖ ನನ್ನಲ್ಲಿದೆ. ಫೋನೂ ಇದೆ. ಆದರೆ ಇದಕ್ಕೆ ಎರಡು ಆ್ಯಪುಗಳನ್ನು ಇಳಿಸಿಕೊಳ್ಳಬೇಕು. ಇಳಿಸಲು ಹೋದರೆ ಅದೇ ಮಂತ್ರ: ಜಾಗ ಸಾಲದು. ನಾನು ಬದುಕಿದ್ದೇನೆಂದು ಹೇಳಿಕೊಳ್ಳಲು ನನ್ನ ಫೋನಿನಲ್ಲಿ ಎಡೆಯಿಲ್ಲ!

ಮೇಲಿನ ಮನೆಯ ಹುಡುಗ ಒಂದು ಭಾನುವಾರ ಬಂದು ಕುಳಿತ. ಮೊದಲು ಚಿತ್ರಗಳ ಕೋಣೆಯನ್ನು ತೆರೆದ. ಅಲ್ಲಿದ್ದದ್ದನ್ನು ಏನೆಂದು ಹೇಳಲಿ! ಶುಭೋದಯದ ಗುಲಾಬಿಗಳು, ಶುಭರಾತ್ರಿಯ ಚಂದ್ರರು, ಏಕಾದಶಿಗೆ ಪಾಂಡುರಂಗ, ಶನಿವಾರಕ್ಕೆ ಆಂಜನೇಯ, ಒಂದೇ ಗಣಪತಿ ಹನ್ನೊಂದು ಬಂಧುಗಳಿಂದ ಹನ್ನೊಂದು ಸಲ. ಎರಡು ಜಿಬಿಗೆ ಮೇಲ್ಪಟ್ಟ ಶುಭಾಶಯ. ನಾನು ತಂತಿ ಇಲಾಖೆಯಲ್ಲಿ ಮೂವತ್ತೈದು ವರ್ಷ ದುಡಿದವನು. ತಂತಿಯಲ್ಲಿ ಪದಕ್ಕಿಷ್ಟು ಎಂದು ಹಣ. ಹಬ್ಬ, ಮದುವೆ, ಪರೀಕ್ಷೆಯಲ್ಲಿ ತೇರ್ಗಡೆ, ಇವಕ್ಕೆಲ್ಲ ಸಿದ್ಧವಾಕ್ಯಗಳಿದ್ದವು. ಒಂದೊಂದಕ್ಕೂ ಒಂದೊಂದು ಅಂಕೆ. ಜನ ಅಂಕೆಯನ್ನು ಆರಿಸುತ್ತಿದ್ದರು, ನಾವು ಅಂಕೆಯನ್ನಷ್ಟೇ ತಂತಿಯ ಮೇಲೆ ಕಳುಹಿಸುತ್ತಿದ್ದೆವು, ಅತ್ತ ಕಡೆಯವನು ಅದನ್ನು ಇಡೀ ವಾಕ್ಯವಾಗಿ ಬಿಡಿಸಿ ಬರೆಯುತ್ತಿದ್ದ. ಒಂದು ಅಂಕೆಯಲ್ಲಿ ಒಂದು ಮದುವೆಯ ಹಾರೈಕೆ ಹೋಗುತ್ತಿತ್ತು. 2013ರ ಜುಲೈಯಲ್ಲಿ ತಂತಿ ನಿಂತಿತು; ಆ ಮಿತವ್ಯಯವೂ ಅದರೊಡನೆ ನಿಂತಿತೆಂದು ತೋರುತ್ತದೆ. ಗುಲಾಬಿ, ಚಂದ್ರರನ್ನೆಲ್ಲ ಅಳಿಸಿದೆವು. ದೇವರ ಚಿತ್ರಗಳನ್ನು ಅಳಿಸುವಾಗ ಮಾತ್ರ ಹುಡುಗನೇ ಒತ್ತಲಿ ಎಂದು ಫೋನನ್ನು ಅವನ ಕೈಗೆ ಕೊಟ್ಟೆ.

ಆದರೂ ಸಾಲದು. ಹಳೆಯ ಆ್ಯಪುಗಳೆಲ್ಲ ಹೊಸ ರೂಪ ತಾಳುತ್ತ ತಾಳುತ್ತ ಊದಿಕೊಂಡಿದ್ದವು.

ಆಮೇಲೆ ಹುಡುಗ ಒಂದೊಂದೇ ಆ್ಯಪಿನ ಹೊಟ್ಟೆಯನ್ನು ಪರೀಕ್ಷೆ ಮಾಡತೊಡಗಿದ. ಸೆಟ್ಟಿಂಗ್ಸ್ ಒಳಹೊಕ್ಕು ಆ್ಯಪಿನ ಹೆಸರನ್ನು ಒತ್ತಿ, ಸ್ಟೋರೇಜ್ ಎಂಬಲ್ಲಿಗೆ ಹೋದರೆ ಎರಡು ಗುಂಡಿಗಳು ಕಾಣುತ್ತವೆ. ಒಂದು ಕ್ಲಿಯರ್ ಕ್ಯಾಶ್, ಇನ್ನೊಂದು ಕ್ಲಿಯರ್ ಡೇಟಾ. ಕ್ಯಾಶ್ ಎಂದರೆ ರೊಕ್ಕವೆಂದೇ ತಿಳಿದಿದ್ದ ನಾನು ಅದನ್ನು ಕ್ಲಿಯರ್ ಮಾಡಲು ಸುತರಾಂ ಒಪ್ಪಲಿಲ್ಲ. ಹುಡುಗ ನಕ್ಕು ಬಿಡಿಸಿ ಹೇಳಿದ. ಅವನು ಹೇಳಿದ್ದನ್ನು ಅಡಿಗೆಮನೆಯ ಭಾಷೆಗೆ ತಿರುಗಿಸಿಕೊಂಡ ಮೇಲೆ ನನಗೆ ಅರ್ಥವಾಯಿತು. ಕ್ಯಾಶ್ ಎನ್ನುವುದು ಬೆಳಗ್ಗೆಯೇ ತುರಿದಿಟ್ಟ ತೆಂಗಿನಕಾಯಿ. ಕೈಗೆ ಬೇಗ ಸಿಗಲೆಂದು ಇಟ್ಟದ್ದು. ಚೆಲ್ಲಿದರೆ ಮತ್ತೆ ತುರಿಯಬಹುದು, ಸ್ವಲ್ಪ ತಡವಾಗುತ್ತದೆ ಅಷ್ಟೆ. ಡೇಟಾ ಎನ್ನುವುದು ಉಪ್ಪಿನಕಾಯಿಯ ಜಾಡಿ. ಅದನ್ನು ಚೆಲ್ಲಿದರೆ ಚೆಲ್ಲಿದಂತೆಯೇ. ಆಟದ ಆ್ಯಪುಗಳಲ್ಲಿ ಈ ಜಾಡಿಯೊಳಗೆ ಇರುವುದು ಆಡಿದವರು ಅಲ್ಲಿಯವರೆಗೆ ಗೆದ್ದದ್ದು. ಕೆಲವರು ಹೆಸರು ಕೊಟ್ಟು, ಗುರುತಿನ ಪದ ಕೊಟ್ಟು, ಆಟದವರ ದೂರದ ಉಗ್ರಾಣದಲ್ಲಿಯೂ ಒಂದು ನಕಲು ಇಟ್ಟಿರುತ್ತಾರೆ. ಅಂಥವರು ಫೋನಿನಲ್ಲಿದ್ದದ್ದನ್ನು ಅಳಿಸಿದರೂ ನಷ್ಟವಿಲ್ಲ. ಹಾಗೆ ಹೆಸರು ಬರೆಸದವರ ಗೆಲುವೆಲ್ಲ ಈ ಒಂದು ಫೋನಿನಲ್ಲೇ ಇರುತ್ತದೆ.

ಕಾಯಿತುರಿಯನ್ನೆಲ್ಲ ಚೆಲ್ಲಿದ್ದಾಯಿತು. ಉಳಿದದ್ದು ಎರಡು ಆಟ. ಒಂದು ಕಾರುಗಳನ್ನು ಓಡಿಸುವ ಆಟ. ಒಂದೂವರೆ ಜಿಬಿ ಜಾಗವನ್ನು ಒತ್ತುವರಿ ಮಾಡಿಕೊಂಡಿತ್ತು. ಇನ್ನೊಂದು ಬಣ್ಣಬಣ್ಣದ ಮಿಠಾಯಿಗಳನ್ನು ಮೂರು ಮೂರಾಗಿ ಸಾಲುಗೂಡಿಸುವ ಕ್ಯಾಂಡಿ ಕ್ರಷ್. ಹುಡುಗನ ಹೆಬ್ಬೆರಳು ಎರಡನೆಯದರ ಮೇಲೆ ಇಳಿಯುತ್ತಿತ್ತು. ನಾನು ಅವನ ಮುಂಗೈ ಹಿಡಿದೆ.

“ಇದೊಂದು ಇರಲಪ್ಪ.”

“ನೀವು ಆಡ್ತೀರಾ ಅಂಕಲ್?”

“ಇಲ್ಲ.”

ಅವನು ನನ್ನ ಮುಖ ನೋಡಿದ, ಮತ್ತೇನೂ ಕೇಳಲಿಲ್ಲ.

ಆ ಫೋನು ಮೂಲತಃ ನನ್ನದಲ್ಲ, ನನ್ನ ಹೆಂಡತಿಯದು. 2022ರಲ್ಲಿ ಅವಳು ಹೋದ ಮೇಲೆ ನನ್ನ ಗುಂಡಿ ಫೋನನ್ನು ಬಿಟ್ಟು ಇದನ್ನು ಇಟ್ಟುಕೊಂಡೆ. ಜನ್ಮದಲ್ಲಿ ಇಸ್ಪೀಟನ್ನು ಮುಟ್ಟದ, ಅಳಗುಳಿ ಮಣೆಯನ್ನು ಬಿಟ್ಟರೆ ಬೇರೆ ಆಟವನ್ನು ಅರಿಯದ ಅವಳಿಗೆ ಅರವತ್ತೈದನೆಯ ವಯಸ್ಸಿನಲ್ಲಿ ಈ ಮಿಠಾಯಿಯ ಹುಚ್ಚು ಹತ್ತಿತು. ಅಳಗುಳಿ ಮಣೆಯಲ್ಲಿ ಆಟ ಮುಗಿದರೆ ಹುಣಿಸೆಬೀಜವೆಲ್ಲ ಚೀಲಕ್ಕೆ. ನಿನ್ನೆ ಯಾರು ಗೆದ್ದರೆಂಬುದಕ್ಕೆ ಮಣೆಯಲ್ಲಿ ಸಾಕ್ಷಿಯಿಲ್ಲ. ಇದು ಹಾಗಲ್ಲ. ಹಂತ ಹಂತವಾಗಿ ಮೇಲೇರುತ್ತ ಹೋಗುವುದು. ಏರಿದ್ದು ಏರಿದಲ್ಲೇ ನಿಲ್ಲುತ್ತದೆ. ಇದರಲ್ಲಿ ಆಡುವವರಿಗೆ ಐದು ಪ್ರಾಣಗಳಿವೆ. ಒಂದು ಸಲ ಸೋತರೆ ಒಂದು ಪ್ರಾಣ ಹೋಗುತ್ತದೆ. ಹೋದದ್ದು ಅರ್ಧ ಗಂಟೆಗೆ ಒಂದರಂತೆ ಮತ್ತೆ ತುಂಬಿಕೊಳ್ಳುತ್ತದೆ. ಐದೂ ಮುಗಿದರೆ ಕಾಯಬೇಕು. ಹಣ ಕೊಟ್ಟರೆ ಕೂಡಲೇ ಸಿಗುತ್ತದೆನ್ನಿ, ಆದರೆ ಪ್ರಾಣಕ್ಕೆ ಹಣ ಕೊಡುವ ಪೈಕಿ ಅವಳಲ್ಲ. ಅಡಿಗೆಮನೆಯ ಗೂಡಿನಲ್ಲಿ ಫೋನನ್ನು ಇಟ್ಟು ಉದ್ದು ನೆನೆಹಾಕುವಳು, ಬಟ್ಟೆ ಮಡಿಸುವಳು, ತುಳಸಿಗೆ ನೀರು ಹಾಕಿ ಬರುವಳು. ಆಮೇಲೆ ಒಳಗಿನಿಂದ ದನಿ ಕೇಳಿಸುವುದು: “ರೀ, ಒಂದು ಪ್ರಾಣ ಬಂತು!” ನಮ್ಮ ಮನೆಯ ಕೆಲಸಗಳೆಲ್ಲ ಅರ್ಧರ್ಧ ಗಂಟೆಯ ತುಂಡುಗಳಾಗಿ ನಡೆಯುತ್ತಿದ್ದ ಕಾಲ ಅದು. ನಾನು ಗೊಣಗಿದ್ದೂ ಉಂಟು; ಸಾರಿಗೆ ಉಪ್ಪು ಎರಡು ಸಲ ಬಿದ್ದ ದಿನ ಸ್ವಲ್ಪ ಜೋರಾಗಿಯೇ.

ಹೆಸರು ಬರೆಸಿ ಎಂದು ಆ ಆಟ ಎಷ್ಟು ಸಲ ಕೇಳಿದರೂ ಅವಳು ಬರೆಸಲಿಲ್ಲ. “ನಾನು ಎಷ್ಟು ಗೆದ್ದೆ ಅನ್ನೋದು ಊರಿಗೆಲ್ಲ ಯಾಕೆ?” ಎಂಬುದು ಅವಳ ಉತ್ತರ. ಆದ್ದರಿಂದ ಅವಳ ಉಪ್ಪಿನಕಾಯಿ ಜಾಡಿ ಇರುವುದು ಇದೊಂದೇ ಫೋನಿನಲ್ಲಿ.

ನನ್ನ ಮಗ ಈ ಸಂಗತಿ ತಿಳಿಯದೆ, “ಅಪ್ಪಾ, ಈ ಡಬ್ಬ ಬಿಟ್ಟು ಹೊಸದು ತೊಗೊಳ್ಳಿ, ಎಲ್ಲಾ ಅದಕ್ಕೆ ಕಾಪಿ ಆಗತ್ತೆ” ಎಂದ. ಎಲ್ಲವೂ ಆಗುವುದಿಲ್ಲ. ಫೋಟೋ ಹೋಗುತ್ತದೆ, ಹಾಡು ಹೋಗುತ್ತದೆ, ಹೆಸರು ವಿಳಾಸಗಳು ಹೋಗುತ್ತವೆ. ಆದರೆ ಇಂಥ ಫೋನಿನಲ್ಲಿ ಒಂದೊಂದು ಆ್ಯಪೂ ವಠಾರದ ಒಂದೊಂದು ಬಾಡಿಗೆದಾರನಿದ್ದಂತೆ. ಒಬ್ಬನ ಮನೆಯೊಳಕ್ಕೆ ಇನ್ನೊಬ್ಬನು ಹೋಗುವಂತಿಲ್ಲ. ವಠಾರದ ಯಜಮಾನನಾದ ನನಗೂ ಒಳಗಿನ ಪಾತ್ರೆಪಡಗವನ್ನು ಎತ್ತಿ ಬೇರೆ ಮನೆಗೆ ಸಾಗಿಸುವ ಅಧಿಕಾರವಿಲ್ಲ. ಬೇಕಾದರೆ ಸಾಮಾನನ್ನೆಲ್ಲ ಬೀದಿಗೆಸೆದು ಖಾಲಿ ಮಾಡಿಸಬಹುದು. ಅದೊಂದು ಅಧಿಕಾರವನ್ನು ಮಾತ್ರ ಧಾರಾಳವಾಗಿ ಕೊಟ್ಟಿದ್ದಾರೆ.

ಕಾರಿನ ಆಟ ಮೊಮ್ಮಗನದು. ಅವನು ಏಳು ವರ್ಷದವನಾಗಿದ್ದಾಗ ಬೇಸಿಗೆ ರಜೆಯಲ್ಲಿ ಬಂದು ಹಾಕಿಸಿಕೊಂಡದ್ದು. ಈಗ ಹುಬ್ಬಳ್ಳಿಯಲ್ಲಿ ಹೈಸ್ಕೂಲು, ಮೀಸೆ ಚಿಗುರುತ್ತಿದೆ. ಇನ್ನೊಬ್ಬರ ಸೊತ್ತನ್ನು ಹೇಳದೆ ಕೇಳದೆ ತೆಗೆಯಬಾರದಲ್ಲ, ಫೋನು ಮಾಡಿ ಕೇಳಿದೆ. ಅವನು ಹೊಟ್ಟೆ ಹಿಡಿದು ನಕ್ಕ. “ತಾತ, ಅದನ್ನ ಇನ್ನೂ ಇಟ್ಕೊಂಡಿದ್ದೀಯಾ? ತೆಗೆದುಹಾಕು.” ಆಮೇಲೆ ಒಂದು ಕ್ಷಣ ಸುಮ್ಮನಿದ್ದು, “ಅಜ್ಜಿದು?” ಎಂದ. ಅದು ಇದೆ ಎಂದೆ. “ಎಷ್ಟರಲ್ಲಿದೆ?” 1318 ಎಂದೆ. ಆಗ ಅವನು ನನಗೆ ತಿಳಿಯದಿದ್ದ ವಿಷಯವೊಂದನ್ನು ಹೇಳಿದ. ಅಜ್ಜಿಗೆ ಕಷ್ಟವಾದ ಹಂತಗಳನ್ನೆಲ್ಲ ರಜೆಯಲ್ಲಿ ಬಂದಾಗ ಅವನೇ ದಾಟಿಸಿಕೊಡುತ್ತಿದ್ದನಂತೆ. ಒಂದು ಹಂತಕ್ಕೆ ಒಂದು ಕೋಡುಬಳೆ, ಇದು ದರ. ತಾತನಿಗೆ ಹೇಳಕೂಡದೆಂಬ ಷರತ್ತು ಬೇರೆ. ಅವಳ ಏಕಾಂಗಿ ಸಾಹಸವೆಂದು ನಾನು ಮನಸ್ಸಿನಲ್ಲಿ ಲೆಕ್ಕವಿಟ್ಟಿದ್ದ ಆ 1318ರಲ್ಲಿ ಎಷ್ಟು ಕೋಡುಬಳೆಯ ಲೆಕ್ಕವೋ! ಕೋಡುಬಳೆಯ ಡಬ್ಬಿ ಬೇಸಿಗೆಯಲ್ಲಿ ಅಷ್ಟು ಬೇಗ ಖಾಲಿಯಾಗುತ್ತಿದ್ದುದರ ಗುಟ್ಟು ಅಂದು ತಿಳಿಯಿತು. ಆಗೆಲ್ಲ ಗುಮಾನಿ ನನ್ನ ಮೇಲೆಯೇ ಇತ್ತು.

ಕಾರಿನ ಆಟ ಹೋಯಿತು. ಜಾಗ ಸಾಲಿತು. ಎರಡು ಆ್ಯಪುಗಳೂ ಇಳಿದವು. ಹುಡುಗ ನನ್ನನ್ನು ಕಿಟಕಿಯ ಬೆಳಕಿಗೆ ಕೂರಿಸಿ ಫೋನನ್ನು ಮುಖಕ್ಕೆ ಹಿಡಿದ. ಕಣ್ಣು ಮಿಟುಕಿಸಿ ಎಂದಿತು ಫೋನು. ನಳದಮಯಂತಿಯರ ಕಥೆ ನೆನಪಾಯಿತು. ಸ್ವಯಂವರದಲ್ಲಿ ಐವರು ನಳರು ನಿಂತಾಗ ದಮಯಂತಿ ನಿಜವಾದ ನಳನನ್ನು ಹೇಗೆ ಗುರುತಿಸಿದಳು? ದೇವತೆಗಳು ರೆಪ್ಪೆ ಬಡಿಯುವುದಿಲ್ಲ, ಮನುಷ್ಯ ಬಡಿಯುತ್ತಾನೆ. ಆಕೆಯ ಪರೀಕ್ಷೆಯನ್ನೇ ಸರ್ಕಾರ ನನಗೂ ಇಟ್ಟಿತ್ತು. ಬಡಿದೆ. ಸ್ವಲ್ಪ ಹೊತ್ತಿನಲ್ಲಿ ನಾನು ಬದುಕಿರುವುದು ಸಿದ್ಧವಾಯಿತೆಂದು ಸಂದೇಶ ಬಂತು. ಹುಡುಗ ಕೈಕುಲುಕಿದ. ನಾನು ಅವನಿಗೆ ಕಾಫಿ ಮಾಡಿಕೊಟ್ಟೆ.

ಅವನು ಹೋದ ಮೇಲೆ ಮಿಠಾಯಿಯ ಆಟವನ್ನು ತೆರೆದೆ. ಮೂಲೆಯಲ್ಲಿ ಪ್ರಾಣಗಳ ಲೆಕ್ಕ: ಐದೂ ತುಂಬಿವೆ. ಎರಡು ವರ್ಷಕ್ಕೂ ಮೇಲಾಯಿತು ತುಂಬಿ. ಯಾರೂ ಖರ್ಚು ಮಾಡಿಲ್ಲ. ಆಡಿ ನೋಡೋಣವೆಂದು ಬೆರಳು ಹೋಯಿತು. ಆಡಿ ಗೆದ್ದರೆ 1319 ಆಗುತ್ತದೆ. ಆ ಮುಂದಿನದು ನನ್ನ ಲೆಕ್ಕ, ಅವಳದಲ್ಲ. ಮುಚ್ಚಿಟ್ಟೆ.

ಯುಗಾದಿಗೆ ಮೊಮ್ಮಗ ಬಂದಿದ್ದಾಗ ಆ ಹಂತವನ್ನು ತೋರಿಸಿ, “ನಿನಗಾದರೂ ದಾಟಲು ಬರುತ್ತದೆಯೇ?” ಎಂದು ಕೇಳಿದೆ. ಅವನು ಫೋನನ್ನು ಕೈಗೆ ತೆಗೆದುಕೊಳ್ಳದೆ ಬಗ್ಗಿ ನೋಡಿದ.

“ಬರತ್ತೆ ತಾತ. ಆವಾಗ್ಲೇ ಬರ್ತಿತ್ತು. ಆದ್ರೆ ಇದನ್ನ ನೀನು ಮುಟ್ಟಬೇಡ, ಇದು ನಾನೇ ದಾಟಬೇಕು ಅಂದಿದ್ಳು ಅಜ್ಜಿ. ಮೂರು ವಾರ ಒದ್ದಾಡ್ತಿದ್ಳು.”

“ಕೋಡುಬಳೆ ಕೊಡುತ್ತೇನೆಂದರೂ?”

“ನಾನೇ ಎರಡು ಕೋಡುಬಳೆ ವಾಪಸ್ ಕೊಡ್ತೀನಿ ಅಂದೆ. ಆದ್ರೂ ಬಿಡ್ಲಿಲ್ಲ.”

ಒಳಗಿನಿಂದ ಸೊಸೆ ಎಲೆ ಹಾಕಿದೆ ಎಂದು ಕರೆದಳು. ಫೋನನ್ನು ಗೂಡಿನಲ್ಲಿಟ್ಟು ಇಬ್ಬರೂ ಊಟಕ್ಕೆ ಎದ್ದೆವು.