ಹೋಯಿ ಆನ್‌ನಲ್ಲಿ ಮೂರು ಗಂಟೆ



ಮನೆಯ ಹಿರಿಯರು ಪ್ರವಾಸದ ಬಗ್ಗೆ ಬರೆದರೆ ಅದರಲ್ಲಿ ವಿಮಾನದ ಹೊತ್ತು, ಹೋಟೆಲಿನ ಬಾಡಿಗೆ, ಕೊಂಡು ತಂದ ಸಾಮಾನಿನ ಪಟ್ಟಿ ಇರುತ್ತದೆಂದು ನೀವು ಪುಟ ಮಗುಚುವ ಮೊದಲೇ ಹೇಳಿಬಿಡುತ್ತೇನೆ. ನಾನು ಬರೆಯಹೊರಟಿರುವುದು ಮೂರೇ ಮೂರು ಗಂಟೆಯ ಸುತ್ತಾಟದ ವಿಷಯ. ಆ ಮೂರು ಗಂಟೆಗಳಲ್ಲಿ, ಐವತ್ತನಾಲ್ಕನೆಯ ವಯಸ್ಸಿನಲ್ಲಿ, ನನ್ನದೊಂದು ಹಳೆಯ ತಪ್ಪು ನನಗೆ ಕಂಡಿತು. ಅದನ್ನು ನಿಮ್ಮ ಮುಂದೆಯೇ ಒಪ್ಪಿಕೊಳ್ಳಬೇಕು. ಏಕೆಂದರೆ ಅದು ನಿಮ್ಮ ಪೀಳಿಗೆಗೆ ಸಂಬಂಧಪಟ್ಟದ್ದು.

"ದೇಶ ಸುತ್ತು, ಕೋಶ ಓದು" ಎಂಬ ಗಾದೆ ನೀವೂ ಕೇಳಿರಬಹುದು. ನಾನು ಕೋಶ ಓದಿದ್ದು ಧಾರವಾಡದಲ್ಲಿ, ಇಂಗ್ಲಿಷ್ ಬಿ.ಎ. ತನಕ. ಮದುವೆಯಾಗಿ ಮುಂಬೈಗೆ ಬಂದ ಮೇಲೆ ಸುತ್ತಿದ ದೇಶವೆಂದರೆ ಡೊಂಬಿವಿಲಿಯಿಂದ ದಾದರಿನವರೆಗೆ. ಹಾಗಿರುವಾಗ 2025ರ ಮಾರ್ಚ್‌ನಲ್ಲಿ ಮಗಳು ತನ್ನ ಸಂಬಳದ ದುಡ್ಡಿನಲ್ಲಿ ನನ್ನನ್ನು ವಿಯೆಟ್ನಾಮಿಗೆ ಕರೆದುಕೊಂಡು ಹೋದಳು. ನಾನು ಚಟ್ನಿಪುಡಿ, ದಪಾಟಿ ಕಟ್ಟಿಕೊಂಡೆ, ಅವಳು ನಕ್ಕಳು. ಮೂರನೆಯ ದಿನ ದಪಾಟಿಗೆ ಮೊದಲು ಕೈ ಹಾಕಿದವಳು ಅವಳೇ ಎಂಬುದನ್ನು ಇಲ್ಲಿ ದಾಖಲಿಸುತ್ತೇನೆ.

ಮಧ್ಯ ವಿಯೆಟ್ನಾಮಿನ ದನಾಂಗ್ ನಗರದಿಂದ ಸುಮಾರು ಮೂವತ್ತು ಕಿಲೋಮೀಟರ್ ದೂರದಲ್ಲಿ, ಥು ಬೋನ್ ನದಿ ಸಮುದ್ರ ಸೇರುವ ಕಡೆ, ಹೋಯಿ ಆನ್ ಎಂಬ ಹಳೆಯ ಊರಿದೆ. ಒಂದು ಕಾಲಕ್ಕೆ ಅದು ಶಿವನನ್ನು ಪೂಜಿಸುತ್ತಿದ್ದ ಚಂಪಾ ರಾಜ್ಯದ ಬಂದರು. 16 ಮತ್ತು 17ನೆಯ ಶತಮಾನಗಳಲ್ಲಿ ಚೀನೀಯರು, ಜಪಾನಿಯರು, ಪೋರ್ಚುಗೀಸರು, ಡಚ್ಚರು ರೇಷ್ಮೆ, ಪಿಂಗಾಣಿ, ದಾಲ್ಚಿನ್ನಿ, ಅಗರುಗಳ ವ್ಯಾಪಾರಕ್ಕೆ ಇಲ್ಲಿಗೆ ಬರುತ್ತಿದ್ದರು. ಆಮೇಲೆ ನದಿಯಲ್ಲಿ ಹೂಳು ತುಂಬಿತು, ದೊಡ್ಡ ಹಡಗುಗಳು ದನಾಂಗಿಗೆ ಹೋದವು, ಊರು ಹಾಗೆಯೇ ಉಳಿಯಿತು. ವ್ಯಾಪಾರ ಹೋದದ್ದರಿಂದಲೇ ಹಳೆಯ ಮನೆಗಳನ್ನು ಕೆಡವಿ ಹೊಸದು ಕಟ್ಟುವ ಹಣ ಯಾರಲ್ಲೂ ಇರಲಿಲ್ಲ. 1999ರಲ್ಲಿ ಯುನೆಸ್ಕೋ ಇದನ್ನು ವಿಶ್ವ ಪರಂಪರೆಯ ಪಟ್ಟಿಗೆ ಸೇರಿಸಿತು. ಬಡತನವೂ ಕೆಲವು ಸಲ ಉಪಕಾರ ಮಾಡುತ್ತದೆ ನೋಡಿ.

ನಮ್ಮ ಗೈಡ್ ಇಪ್ಪತ್ತೈದು ವರ್ಷದೊಳಗಿನ ಹುಡುಗಿ. ತಲೆಗೆ ಗರಿಯ ಟೋಪಿ, ಕೈಯಲ್ಲಿ ಛತ್ರಿ, ಬಾಯಲ್ಲಿ ಸರಳ ಇಂಗ್ಲಿಷ್. ನಾನು ಸಸ್ಯಾಹಾರಿ ಎಂದಾಗ ಅವಳು "ಚಾಯ್, ಚಾಯ್" ಎಂದಳು. ಚಹಾ ಬರುತ್ತದೆಂದು ನಾನು ಕಾದು ಕುಳಿತೆ. ಬಂದದ್ದು ಸೊಪ್ಪು, ತೋಫು ಹಾಕಿದ ಅನ್ನ! ಅವರ ಭಾಷೆಯಲ್ಲಿ 'ಚಾಯ್' ಎಂದರೆ ಸಸ್ಯಾಹಾರವಂತೆ. ಹುಣ್ಣಿಮೆ, ಅಮಾವಾಸ್ಯೆಗೆ ಅಲ್ಲಿಯೂ ಅನೇಕರು ಮಾಂಸ ಮುಟ್ಟುವುದಿಲ್ಲ.

ಊಟವಾದ ಮೇಲೆ ಮೊದಲು ನೋಡಿದ್ದು ಜಪಾನೀ ಸೇತುವೆ. ಚೀನೀ ಕೇರಿಗೂ ಜಪಾನೀ ಕೇರಿಗೂ ನಡುವೆ ಜಪಾನೀ ವ್ಯಾಪಾರಿಗಳು 1593ರ ಸುಮಾರಿಗೆ ಕಟ್ಟಿಸಿದ್ದು. ಮೇಲೆ ಹೆಂಚಿನ ಮಾಡು, ಪಕ್ಕದಲ್ಲಿ ಪುಟ್ಟ ಗುಡಿ, ಒಂದು ತುದಿಗೆ ನಾಯಿಗಳ, ಇನ್ನೊಂದು ತುದಿಗೆ ಮಂಗಗಳ ವಿಗ್ರಹ. ದೇಶದ 20,000 ಡಾಂಗ್ ನೋಟಿನ ಮೇಲೂ ಇದರ ಚಿತ್ರವಿದೆ. ಗಾಬರಿಯಾಗಬೇಡಿ, ಅಷ್ಟು ದೊಡ್ಡ ನೋಟಿಗೆ ನಮ್ಮ ಎಪ್ಪತ್ತು ರೂಪಾಯಿಯ ಆಸುಪಾಸಿನ ಬೆಲೆ. 2022ರ ಕೊನೆಯಲ್ಲಿ ದುರಸ್ತಿಗೆ ಬಿಚ್ಚಿ, 2024ರ ಆಗಸ್ಟ್‌ನಲ್ಲಿ ಮತ್ತೆ ತೆರೆದಿದ್ದರು.

ಭೂಮಿಯ ಕೆಳಗೆ ಒಂದು ದೈತ್ಯ ಪ್ರಾಣಿ ಮಲಗಿದೆ, ಅದು ಮೈ ಅಲುಗಿಸಿದರೆ ಭೂಕಂಪ, ಪ್ರವಾಹ ಬರುತ್ತವೆ ಎಂದು ಆ ಊರಿನ ಕಥೆ. ಅದರ ಬಾಲ ಜಪಾನಿನಲ್ಲಿ, ಬೆನ್ನು ಹೋಯಿ ಆನ್‌ನಲ್ಲಿ, ತಲೆ ಭಾರತದಲ್ಲಿ! ಸೇತುವೆ ಕಟ್ಟಿದ್ದು ಅದರ ಬೆನ್ನಿಗೆ ಕತ್ತಿ ಇರಿದಂತೆ, ಅದು ಅಲುಗಾಡದಿರಲಿ ಎಂದು. "ತಲೆ ನಮ್ಮ ಕಡೆ ಇರೋದಕ್ಕೇ ಇಷ್ಟು ಗದ್ದಲ" ಎಂದಳು ಮಗಳು. ಗೈಡ್ ಹುಡುಗಿ ನಕ್ಕು, ಸೇತುವೆಯ ಹಲಗೆಯ ಮೇಲಿದ್ದ ಮೂರು ಚೀನೀ ಅಕ್ಷರ ತೋರಿಸಿದಳು. 1719ರಲ್ಲಿ ಆ ಸೀಮೆಯ ಪ್ರಭು ಇಟ್ಟ ಹೆಸರಂತೆ. 'ದೂರದಿಂದ ಬಂದವರ ಸೇತುವೆ' ಎಂದು ಅರ್ಥ. "ನೀನು ಓದಬಲ್ಲೆಯಾ?" ಎಂದೆ. "ಇಲ್ಲ ಮೇಡಂ, ಬಾಯಿಪಾಠ" ಎಂದಳು.

ಆ ಮಾತು ಆಗ ನನ್ನ ಕಿವಿಗೆ ಬಿತ್ತೇ ಹೊರತು ಮನಸ್ಸಿಗೆ ಇಳಿಯಲಿಲ್ಲ.

ಅಲ್ಲಿಂದ ತಾನ್ ಕೀ ಎಂಬ ಮನೆ. ಇನ್ನೂರು ವರ್ಷ ದಾಟಿದ ಮರದ ಮನೆಯಲ್ಲಿ ಅದೇ ವಂಶದವರು ಏಳನೆಯ ತಲೆಮಾರಾಗಿ ಇದ್ದಾರೆ. ಮುಂಬಾಗಿಲು ಬೀದಿಗೆ, ಹಿಂಬಾಗಿಲು ನದಿಗೆ, ನಡುವೆ ನಮ್ಮ ತೊಟ್ಟಿಮನೆಯ ಹಾಗೆ ಆಕಾಶ ಕಾಣುವ ಅಂಗಳ. ಮಳೆಗಾಲದಲ್ಲಿ ನದಿ ಮನೆಯೊಳಗೇ ಬರುತ್ತದೆ. ಯಾವ ವರ್ಷ ಎಲ್ಲಿಯವರೆಗೆ ಬಂತೆಂದು ಗೋಡೆಯ ಮೇಲೆ ಗುರುತು ಹಾಕಿದ್ದಾರೆ. 1964ರ ಗುರುತು ನನ್ನ ತಲೆಗಿಂತ ಬಹಳ ಮೇಲಿತ್ತು. ಕಂಬಗಳಿಗೆ ತೂಗುಹಾಕಿದ ಹಲಗೆಗಳಲ್ಲಿ ಮುತ್ತಿನ ಚಿಪ್ಪು ಕೂಡಿಸಿ ಬರೆದ ಕವಿತೆ. ಹತ್ತಿರ ಹೋಗಿ ನೋಡಿದರೆ ಅಕ್ಷರದ ಒಂದೊಂದು ಗೆರೆಯೂ ಒಂದೊಂದು ಹಾರುವ ಹಕ್ಕಿ!

"ಏನು ಬರೆದಿದೆ?" ಎಂದು ಮಗಳು ಕೇಳಿದಳು.

ಗೈಡ್ ಹುಡುಗಿ ಸ್ವಲ್ಪ ಹೊತ್ತು ಸುಮ್ಮನಿದ್ದು ಹೇಳಿದಳು: "ನಮ್ಮ ತಾತನ ಮನೆಯಲ್ಲೂ ಇಂಥ ಅಕ್ಷರಗಳಿವೆ. ಪೂರ್ವಜರ ಹೆಸರುಗಳು. ವರ್ಷಕ್ಕೊಮ್ಮೆ ಅವುಗಳ ಮುಂದೆ ಊಟ ಬಡಿಸಿ ಕೈಮುಗಿಯುತ್ತೇವೆ. ಯಾವ ಹೆಸರು ಯಾರದೆಂದು ತಾತನಿಗೆ ಗೊತ್ತಿತ್ತು. ನನಗೆ ಹಕ್ಕಿಗಳಷ್ಟೇ ಕಾಣುತ್ತವೆ."

ಅವಳ ಪೂರ್ವಜರು ಮಿಂಗ್ ಅರಸರ ಆಳ್ವಿಕೆ ಮುರಿದಾಗ ಚೀನಾ ಬಿಟ್ಟು ಬಂದವರು. ಅಲ್ಲಿಯ ಹೆಣ್ಣುಮಕ್ಕಳನ್ನು ಮದುವೆಯಾಗಿ ಅಲ್ಲಿಯವರೇ ಆದರು. ಅವಳ ಮನೆಮಾತು ಈಗ ವಿಯೆಟ್ನಾಮಿ. ಹಾಗಾದರೆ ವಿಯೆಟ್ನಾಮಿಯರು ಚೀನೀ ಅಕ್ಷರ ಓದುವುದಿಲ್ಲವೇ? ಇಲ್ಲ. ಹಿಂದೆ ಅವರೂ ಅದೇ ಅಕ್ಷರಗಳನ್ನು, ಅದೇ ಬಗೆಯ ತಮ್ಮದೇ ಲಿಪಿಯೊಂದನ್ನು ಬಳಸುತ್ತಿದ್ದರು. 17ನೆಯ ಶತಮಾನದಲ್ಲಿ ಹೋಯಿ ಆನ್ ಸುತ್ತಮುತ್ತ ಇದ್ದ ಫ್ರಾನ್ಸಿಸ್ಕೋ ದೆ ಪಿನಾ ಮುಂತಾದ ಜೆಸುಯಿಟ್ ಪಾದ್ರಿಗಳು ಆ ಭಾಷೆಯನ್ನು ರೋಮನ್ ಅಕ್ಷರಗಳಲ್ಲಿ ಬರೆಯುವ ದಾರಿ ಹುಡುಕಿದರು. ಅಲೆಕ್ಸಾಂಡರ್ ದೆ ರೋಡ್ಸ್‌ನ ನಿಘಂಟು 1651ರಲ್ಲಿ ರೋಮಿನಲ್ಲಿ ಅಚ್ಚಾಯಿತು. 20ನೆಯ ಶತಮಾನದಲ್ಲಿ ಅದೇ ದೇಶದ ಲಿಪಿಯಾಯಿತು. ಇದರಿಂದ ಲಾಭವೂ ಆಯಿತು. ಸಾವಿರಾರು ಅಕ್ಷರ ಕಲಿಯಲಾಗದ ರೈತರ ಮಕ್ಕಳೂ ಓದು ಕಲಿತರು. ಆದರೆ ಮೊಮ್ಮಗಳಿಗೆ ತಾತನ ಮನೆಯ ಗೋಡೆ ಓದಲು ಬಾರದಾಯಿತು.

ನಮ್ಮ ಕಿಟೆಲ್ಲರೂ ಪಾದ್ರಿಗಳೇ. ಆದರೆ 1894ರಲ್ಲಿ ಹೊರಬಂದ ಅವರ ನಿಘಂಟಿನಲ್ಲಿ ಎಪ್ಪತ್ತು ಸಾವಿರದಷ್ಟು ಕನ್ನಡ ಶಬ್ದಗಳು ಕನ್ನಡ ಲಿಪಿಯಲ್ಲೇ ಇವೆ. ನಮ್ಮ ಲಿಪಿಯನ್ನು ಯಾರೂ ಕಸಿದುಕೊಳ್ಳಲಿಲ್ಲ. ಮತ್ತೆ ನಿಮ್ಮಲ್ಲಿ ಎಷ್ಟೋ ಜನ ಮನೆಯವರಿಗೆ ಕನ್ನಡವನ್ನು ಇಂಗ್ಲಿಷ್ ಅಕ್ಷರದಲ್ಲಿ ಬರೆದು ಕಳಿಸುತ್ತೀರಲ್ಲ, ಏಕೆ? ನನ್ನ ಮಗಳು ಒಮ್ಮೆ "ಅಡಿಗೆಮನೆಯಲ್ಲಿ ಹಲ್ಲಿ ಇದೆ" ಎಂದು ಹಾಗೆ ಬರೆದಾಗ ನಾನು "ಅಡಿಗೆಮನೆಯಲ್ಲಿ ಹಳ್ಳಿ" ಎಲ್ಲಿಂದ ಬಂತೆಂದು ಯೋಚಿಸಿದ್ದೆ! ಆ ಪಾದ್ರಿಗಳಾದರೋ ಅಕ್ಷರದ ಮೇಲೆ ಕೆಳಗೆ ಚಿಹ್ನೆಗಳನ್ನಿಟ್ಟು ಉಚ್ಚಾರವನ್ನು ಕಾಪಾಡಿದರು. ಅವರಲ್ಲಿ 'ಮಾ' ಎಂಬುದನ್ನು ಆರು ಧ್ವನಿಯಲ್ಲಿ ಹೇಳಿದರೆ ದೆವ್ವ, ತಾಯಿ, ಆದರೆ, ಗೋರಿ, ಕುದುರೆ, ಭತ್ತದ ಸಸಿ ಎಂದು ಆರು ಅರ್ಥ. ಚಿಹ್ನೆ ತಪ್ಪಿದರೆ ತಾಯಿಯೇ ದೆವ್ವ!

ಕೊನೆಗೆ ಹೋದದ್ದು ಫುಕಿಯೆನ್ ಜನರ ಸಭಾಭವನಕ್ಕೆ. ನೀವು ಗಮನಿಸಬೇಕಾದದ್ದು ಇದು. ಹಡಗುಗಳು ಗಾಳಿಯ ಮೇಲೆ ಬರುತ್ತಿದ್ದ ಕಾಲ. ಗಾಳಿ ದಿಕ್ಕು ಬದಲಿಸುವ ತನಕ ತಿಂಗಳುಗಟ್ಟಲೆ ಅಲ್ಲೇ ಇರಬೇಕು. ಇದ್ದವರಲ್ಲಿ ಕೆಲವರು ಅಲ್ಲೇ ನೆಲೆಸಿದರು. ಒಂದೊಂದು ಸೀಮೆಯವರು ಒಂದೊಂದು ಭವನ ಕಟ್ಟಿಕೊಂಡರು: ಫುಕಿಯೆನ್‌ನವರದೊಂದು, ಕ್ಯಾಂಟನ್ನಿನವರದೊಂದು, ಹೈನಾನ್‌ನವರದೊಂದು, ಚಾವ್‌ಚೌನವರದೊಂದು, ಎಲ್ಲರಿಗೂ ಸೇರಿ ಮತ್ತೊಂದು. ಅಲ್ಲಿ ಪೂಜೆ, ಹಬ್ಬ, ಸಭೆ, ಊಟ, ಹೊಸದಾಗಿ ಬಂದವನಿಗೆ ಆಸರೆ. ಎಲ್ಲೋ ಕೇಳಿದ ಹಾಗಿದೆಯಲ್ಲವೇ? ನಮ್ಮ ಸಂಘವೂ ಅದೇ ತಾನೆ! ಗೋಡೆಯ ಮೇಲೆ ದೇಣಿಗೆ ಕೊಟ್ಟವರ ಹೆಸರುಗಳ ಕಲ್ಲು ನೋಡಿ ನನಗೆ ನಗು ಬಂತು. ಎಲ್ಲ ಸಂಘಗಳೂ ಒಂದೇ.

ಒಳಗೆ ಕಡಲಿನ ದೇವಿ ಥಿಯೆನ್ ಹಾವ್. ಅವಳ ಪಕ್ಕದಲ್ಲಿ ಇಬ್ಬರು ಸೇವಕರು. ಸಾವಿರ ಹರದಾರಿ ದೂರದ್ದು ಕಾಣುವವನೊಬ್ಬ, ಗಾಳಿಯಲ್ಲಿ ಬಂದ ಮಾತು ಕೇಳುವವನೊಬ್ಬ. ಮೇಲಿನಿಂದ ಶಂಕುವಿನಾಕಾರದ, ಸುರುಳಿ ಸುರುಳಿಯಾದ ದೊಡ್ಡ ದೊಡ್ಡ ಊದುಬತ್ತಿಗಳು ತೂಗುತ್ತಿದ್ದವು, ವಾರಗಟ್ಟಲೆ ಉರಿಯುತ್ತವಂತೆ. ದುಡ್ಡು ಕೊಟ್ಟರೆ ಒಂದು ಚೀಟಿಯಲ್ಲಿ ನಮ್ಮವರ ಹೆಸರು ಬರೆದು ಸುರುಳಿಗೆ ಕಟ್ಟುತ್ತಾರೆ.

ಮಗಳು ಅಜ್ಜಿಯ ಹೆಸರಿನಲ್ಲಿ ಒಂದು ಕೊಂಡಳು. ಅಜ್ಜಿ ಎಂದರೆ ನನ್ನ ಅವ್ವ, 2011ರಲ್ಲಿ ತೀರಿಕೊಂಡವಳು. ಪೆನ್ನು ತೆಗೆದುಕೊಂಡು ಮಗಳು ಗೈಡನ್ನು ಕೇಳಿದಳು, ಯಾವ ಅಕ್ಷರದಲ್ಲಿ ಬರೆಯಬೇಕೆಂದು. "ನಿಮ್ಮ ಅಜ್ಜಿಗೆ ಓದಲು ಬರುತ್ತಿದ್ದ ಅಕ್ಷರದಲ್ಲಿ" ಎಂದಳು ಆ ಹುಡುಗಿ.

ಮಗಳು ಚೀಟಿಯನ್ನು ನನ್ನ ಕೈಗೆ ಕೊಟ್ಟಳು. "ಅಮ್ಮಾ, ನೀನೇ ಬರಿ."

"ಯಾಕ, ನೀನs ಬರಿಯಲ್ಲ?" ಎಂದೆ, ರೂಢಿಯಂತೆ. ಕೇಳಿದ ಮೇಲೆ ನಾಲಿಗೆ ಕಚ್ಚಿಕೊಂಡೆ. ಅವಳಿಗೆ ಬರುವುದಿಲ್ಲ. ನಾನು ಕಲಿಸಿಲ್ಲ.

ಇದೇ ನಾನು ಹೇಳಹೊರಟ ತಪ್ಪು. ಅವಳು ಚಿಕ್ಕವಳಿದ್ದಾಗ ಶಾಲೆಯಲ್ಲಿ ಇಂಗ್ಲಿಷ್, ಹಿಂದಿ, ಮರಾಠಿ ಇದ್ದವು. ಇನ್ನೊಂದರ ಹೊರೆ ಏಕೆ ಎಂದುಕೊಂಡೆ. ಮಾತು ಬಂದರೆ ಸಾಕು, ಅಕ್ಷರ ಆಮೇಲೆ ಎಂದುಕೊಂಡೆ. ಅವಳಿಗೆ ಐದು ವರ್ಷವಾದಾಗಿನಿಂದ ಅವ್ವ ಪ್ರತಿ ಹುಟ್ಟುಹಬ್ಬಕ್ಕೆ ಅವಳ ಹೆಸರಿಗೇ ಒಂದು ಕಾಗದ ಬರೆಯುತ್ತಿದ್ದಳು. ಒಟ್ಟು ಒಂಬತ್ತು. ನಾನು ಒಲೆಯ ಮೇಲೆ ಕುಕ್ಕರ್ ಇಟ್ಟುಕೊಂಡು ಎರಡು ಪುಟವನ್ನು ಎರಡು ಮಾತಿನಲ್ಲಿ ಮುಗಿಸುತ್ತಿದ್ದೆ: "ಅಜ್ಜಿ ಆಶೀರ್ವಾದ ಹೇಳ್ಯಾಳ. ಛಲೋ ಓದಬೇಕಂತ." ಕಾಗದಗಳು ಒಂದು ಸ್ಟೀಲ್ ಡಬ್ಬಿ ಸೇರಿದವು. ಅವು ನನ್ನ ಕಾಗದಗಳಲ್ಲ, ಅವಳವು. ಅವಳಿಗೆ ತಲುಪಲೇ ಇಲ್ಲ.

ನಾನು ಅವ್ವನ ಹೆಸರನ್ನು ಟಿಕೆಟಿನ ಹಿಂಭಾಗದಲ್ಲಿ ದೊಡ್ಡದಾಗಿ ಬರೆದೆ. ಮೂರೇ ಅಕ್ಷರ, ಅದರಲ್ಲೊಂದಕ್ಕೆ ಒತ್ತು. ಮಗಳು ಅದನ್ನು ನೋಡಿ ನೋಡಿ ಚೀಟಿಯ ಮೇಲೆ ಬರೆದಳು. ಬರೆದಳು ಎನ್ನುವುದಕ್ಕಿಂತ ರಂಗೋಲಿಯಂತೆ ಗೆರೆ ಎಳೆದಳು. ಒತ್ತು ಸ್ವಲ್ಪ ದೂರ ಹೋಗಿ ಕುಳಿತಿತು. ಗೈಡ್ ಹುಡುಗಿ ಬಗ್ಗಿ ನೋಡಿ, "ಎಷ್ಟು ದುಂಡಗಿವೆ" ಎಂದಳು. ಭವನದವರು ಉದ್ದನೆಯ ಕೋಲಿನಿಂದ ಸುರುಳಿಯನ್ನು ಮೇಲಕ್ಕೆ ತೂಗಿದರು.

ಅಂದು ಹೋಳಿ ಹುಣ್ಣಿಮೆಯ ಹಿಂದಿನ ದಿನ. ಪ್ರತಿ ತಿಂಗಳೂ ಆ ರಾತ್ರಿ ಹಳೆಯ ಊರಿನಲ್ಲಿ ವಿದ್ಯುದ್ದೀಪ ಆರಿಸಿ ಕಾಗದ, ರೇಷ್ಮೆಯ ಲಾಂದ್ರಗಳನ್ನು ಹಚ್ಚುತ್ತಾರೆ. ನದಿಯ ದಂಡೆಯಲ್ಲಿ ಎಲ್ಲರೂ ಫೋಟೋ ತೆಗೆಯುತ್ತಿದ್ದರು. ನನ್ನ ಮಗಳು ಲಾಂದ್ರದ ಬೆಳಕಿನಲ್ಲಿ ಕುಳಿತು ಆ ಟಿಕೆಟಿನ ಮೇಲೆ ಅವೇ ಮೂರು ಅಕ್ಷರ ತಿದ್ದುತ್ತಿದ್ದಳು.

ಊರಿಗೆ ಬಂದ ಮೇಲೆ ಅವಳು ನಮ್ಮ ಸಂಘದ ಭಾನುವಾರದ ಕನ್ನಡ ತರಗತಿಗೆ ಸೇರಿದಳು. ಆರು ವರ್ಷದ ಮಕ್ಕಳ ಸಾಲಿನಲ್ಲಿ ಇಪ್ಪತ್ತೇಳರ ಹುಡುಗಿ; ಮೊದಲ ವಾರ ಮಕ್ಕಳು ಅವಳನ್ನೇ ಟೀಚರ್ ಎಂದುಕೊಂಡಿದ್ದರಂತೆ. ದೀಪಾವಳಿಯ ಹೊತ್ತಿಗೆ ಡಬ್ಬಿ ತೆಗೆದು ಮೊದಲನೆಯ ಕಾಗದವನ್ನು ತಾನೇ ಓದಿದಳು, ಒಂದೊಂದೇ ಅಕ್ಷರ ಕೂಡಿಸಿಕೊಂಡು, ಒಂದು ತಾಸು. ನಾನು ಬಾಯಿ ಬಿಡಬಾರದೆಂದು ಕಟ್ಟಪ್ಪಣೆ. ನಡುವೆ ಒಮ್ಮೆ ಅತ್ತಳು, ಕೊನೆಗೆ ಜೋರಾಗಿ ನಕ್ಕಳು. ಅಜ್ಜಿ ಕೊನೆಯ ಸಾಲಿನಲ್ಲಿ ಬರೆದಿದ್ದಳು: "ಬೇಸನ್ ಉಂಡಿ ಕಳಿಸೇನಿ. ಸ್ಟೀಲ್ ಡಬ್ಬಿ ಹೊಳ್ಳಿ ಕಳಿಸಂತ ನಿಮ್ಮವ್ವಗ ನೆನಪು ಮಾಡು. ಆಕಿ ಮರೀತಾಳ."

ಕಾಗದಗಳಿದ್ದದ್ದು ಅದೇ ಡಬ್ಬಿಯಲ್ಲಿ.

ಇನ್ನೂ ಎಂಟು ಕಾಗದ ಉಳಿದಿವೆ. ಅವಸರವಿಲ್ಲ, ಹುಟ್ಟುಹಬ್ಬಕ್ಕೊಂದು ಓದುತ್ತಾಳಂತೆ. ನಿಮ್ಮ ಮನೆಯ ಕಪಾಟಿನ ಮೇಲೂ ಇಂಥ ಡಬ್ಬಿಯೊಂದು ಇರಬಹುದು. ಒಮ್ಮೆ ಅಮ್ಮನನ್ನು ಕೇಳಿ ನೋಡಿ. ಆ ಗೈಡ್ ಹುಡುಗಿ ಸಾವಿರಾರು ಅಕ್ಷರ ಕಲಿಯಬೇಕು. ನಿಮಗೆ ಐವತ್ತರಷ್ಟು ಸಾಕು. ತರಗತಿ ಬೆಳಿಗ್ಗೆ ಹತ್ತಕ್ಕೆ. ಹಿಂದಿನ ಬೆಂಚಿನಲ್ಲಿ ಇನ್ನೂ ಜಾಗವಿದೆ.