ಕರ್ತೃಪದ

ಕಳೆದ ವರ್ಷ ನಮ್ಮ ಶಾಲೆಯ ಸಭಾಂಗಣದಲ್ಲಿ ಮಕ್ಕಳಿಗಾಗಿ ‘ಕೆಂಪು ಬಲೂನು’ ಎಂಬ ಫ್ರೆಂಚ್ ಕಿರುಚಿತ್ರವನ್ನು ಪ್ರದರ್ಶಿಸಲಾಯಿತು. ಆಲ್ಬೆರ್ ಲಾಮೊರಿಸ್ ಎಂಬವರು 1956ರಲ್ಲಿ ನಿರ್ಮಿಸಿದ, ಸುಮಾರು 34 ನಿಮಿಷಗಳ ಈ ಚಿತ್ರದಲ್ಲಿ ಮಾತು ಅತ್ಯಲ್ಪ. ಪ್ಯಾರಿಸ್ ನಗರದ ದೀಪಸ್ತಂಭಕ್ಕೆ ಸಿಕ್ಕಿಕೊಂಡಿದ್ದ ಬಲೂನೊಂದನ್ನು ಬಾಲಕನೊಬ್ಬನು ಬಿಡಿಸಿಕೊಳ್ಳುತ್ತಾನೆ. ಅದು ಸಾಕಿದ ಕರುವಿನಂತೆ ಅವನ ಬೆನ್ನುಹತ್ತಿ ಶಾಲೆಯವರೆಗೂ ಬರುತ್ತದೆ. ಪುಂಡ ಹುಡುಗರು ಅದನ್ನು ಒಡೆದಾಗ ನಗರದ ಬಲೂನುಗಳೆಲ್ಲ ಹಾರಿಬಂದು ಬಾಲಕನನ್ನು ಆಕಾಶಕ್ಕೊಯ್ಯುತ್ತವೆ.

ಮರುದಿನ ಹತ್ತನೆಯ ತರಗತಿಯಲ್ಲಿ ಕಾರಕ ಪ್ರಕರಣದ ಪಾಠ. “ಗುರುಗಳೇ, ಆ ಬಲೂನು ಕರ್ತೃವೋ ಕರ್ಮವೋ?” ಎಂದು ವಿದ್ಯಾರ್ಥಿಯೊಬ್ಬನು ಕೇಳಿದನು. ಅಚೇತನ ವಸ್ತುವೂ ಕರ್ತೃವಾಗಬಹುದೆಂದು ತಿಳಿಸಿ, ನಾನು ಸಭೆಗಳಲ್ಲಿ ಅಭಿಮಾನದಿಂದ ಹೇಳುತ್ತ ಬಂದಿದ್ದ ವಾಕ್ಯವನ್ನೇ ಹಲಗೆಯ ಮೇಲೆ ಬರೆದೆನು: “ಕೊಬ್ಬರಿ ನನ್ನನ್ನು ಓದಿಸಿತು.” ಬರೆದ ಕೈ ಅಲ್ಲಿಯೇ ನಿಂತಿತು.

ತುರುವೇಕೆರೆ ಸೀಮೆಯ ನಮ್ಮ ಮನೆಯಲ್ಲಿ ಬಲಿತ ಕಾಯಿ ಸಿಪ್ಪೆಸಮೇತ ಅಟ್ಟವೇರಿ ಹತ್ತು-ಹನ್ನೊಂದು ತಿಂಗಳು ಕುಳಿತಿರುತ್ತಿತ್ತು. ಒಳಗಿನ ನೀರು ಇಂಗಿ, ತಿರುಳು ಚಿಪ್ಪಿನಿಂದ ಬಿಟ್ಟುಕೊಂಡು, ಅಲುಗಿಸಿದರೆ ಗುಡುಗುಡು ಎನ್ನುವಾಗ ಅದನ್ನು ಇಳಿಸಿ ಸುಲಿಯಬೇಕು. ಅನಂತರ ಒಳಗಿನ ಉಂಡೆಗೆ ಪೆಟ್ಟಾಗದಂತೆ ಮಚ್ಚಿನಿಂದ ಚಿಪ್ಪನ್ನು ಒಡೆಯಬೇಕು. ಉಂಡೆ ಒಡೆದರೆ ಬೆಲೆ ಕುಗ್ಗುವುದು. ಹೀಗೆ ಸಿದ್ಧವಾದ ಕೊಬ್ಬರಿ ತಿಪಟೂರಿನ ಮಾರುಕಟ್ಟೆಯಲ್ಲಿ ಹರಾಜಾಗಿ ಉತ್ತರ ಭಾರತದ ಮದುವೆ-ಹಬ್ಬಗಳವರೆಗೆ ಪಯಣಿಸುವುದು. ಬಲೂನಿನ ಯಾತ್ರೆಗಿಂತ ಇದೇನು ಕಡಿಮೆಯೆ?

ಆದರೆ ಅದನ್ನು ಯಾತ್ರೆಗೆ ಕಳುಹಿಸಿದ ನಮ್ಮ ಅವ್ವ ತುಮಕೂರನ್ನೂ ಕಂಡವಳಲ್ಲ. ರಾತ್ರಿ ಲಾಟೀನಿನ ಬೆಳಕಿನಲ್ಲಿ ಕುಳಿತು ಚಿಪ್ಪು ಒಡೆಯುತ್ತಿದ್ದಳು. ಒಮ್ಮೆ ಮಚ್ಚಿನ ಏಟಿಗೆ ಅವಳ ಎಡಗೈಯ ತೋರುಬೆರಳ ತುದಿ ಹೋಗಿದ್ದಿತು. ಮೈಸೂರಿನಲ್ಲಿ ನಾನು ವಿದ್ವತ್ ಪದವಿಯನ್ನು ಸ್ವೀಕರಿಸುವ ದಿನ ತಾನೂ ಬರುವೆನೆಂದಳು. ಪ್ರಯಾಣ ಕಷ್ಟವಾದೀತೆಂಬ ನೆವ ಹೇಳಿ ತಡೆದೆನು. ನಿಜವಾಗಿ ನನ್ನನ್ನು ತಡೆದದ್ದು ಆ ಕೈಯನ್ನು ಸಹಪಾಠಿಗಳು ಕಂಡಾರೆಂಬ ನಾಚಿಕೆ. “ಆಗ್ಲಪ್ಪ, ನೀನು ಓದಿದ್ರೆ ಸಾಕು” ಎಂದು ಸುಮ್ಮನಾದಳು. ಅವಳು ತೀರಿಕೊಂಡು ಹನ್ನೆರಡು ವರ್ಷಗಳಾದುವು.

ಹಲಗೆಯ ವಾಕ್ಯವನ್ನು ಒರೆಸಿ, “ಅವ್ವ ಕೊಬ್ಬರಿಯಿಂದ ನನ್ನನ್ನು ಓದಿಸಿದಳು” ಎಂದು ಬರೆದೆನು. ಕೊಬ್ಬರಿ ತೃತೀಯಾ ವಿಭಕ್ತಿಗೆ ಸರಿಯಿತು. ಕರ್ತೃಪದವನ್ನು ಮಕ್ಕಳು ಒಡನೆಯೇ ಗುರುತಿಸಿದರು; ಪಂಡಿತನೆನಿಸಿಕೊಂಡ ನನಗೆ ಮೂವತ್ತು ವರ್ಷ ಬೇಕಾಯಿತು. ಈ ಸಂಪುಟವನ್ನೋದುವ ಹಳೆಯ ವಿದ್ಯಾರ್ಥಿಗಳಲ್ಲಿಯೂ ತಿದ್ದಬೇಕಾದ ಇಂಥ ವಾಕ್ಯವಿದ್ದು, ಅದರ ಕರ್ತೃ ಇನ್ನೂ ಊರಿನ ಮನೆಯಲ್ಲಿದ್ದರೆ, ಈ ವಾರವೇ ಹೋಗಿ ಕಂಡುಬರಬೇಕೆಂದು ನನ್ನ ವಿನಂತಿ.